ಮೈಕ್ರಾನ್ ಎಂಬ ಪದಚ್ಯುತ ಪದ

ಭಾಷೆಯಲ್ಲಿ ಶಬ್ದಗಳು ಹುಟ್ಟುವುದೂ ಅಳಿಯುವುದೂ ಯಾರ ಅಪ್ಪಣೆಯನ್ನೂ ಪಡೆದು ಅಲ್ಲ. ಜನರು ಆಡುತ್ತ ಹೋದರೆ ಶಬ್ದ ಉಳಿಯುತ್ತದೆ. ಆಡುವುದನ್ನು ಬಿಟ್ಟರೆ ನಿಘಂಟಿನ ಮೂಲೆಯನ್ನು ಸೇರುತ್ತದೆ. ಗಡಿಗೆ ಬೇಕಾದವನು ಕುಂಬಾರನ ಮನೆಗೆ ಹೋಗುವಂತೆ ಶಬ್ದ ಬೇಕಾದವನು ವೈಯಾಕರಣನ ಮನೆಗೆ ಹೋಗುವುದಿಲ್ಲವೆಂಬುದನ್ನು ಪತಂಜಲಿಯ ಮಹಾಭಾಷ್ಯವೇ ಒಪ್ಪಿಕೊಂಡಿದೆ. ಆದರೆ ವಿಜ್ಞಾನದ ಲೋಕದ ರೀತಿಯೇ ಬೇರೆ. ಅಲ್ಲಿ ಹಲವು ದೇಶಗಳ ಪ್ರತಿನಿಧಿಗಳು ಸಭೆ ಸೇರಿ, ನಿರ್ಣಯವನ್ನು ಮಂಡಿಸಿ, ಒಂದು ಶಬ್ದಕ್ಕೆ ಅಧಿಕಾರವನ್ನು ಕೊಡುವುದುಂಟು. ಕೊಟ್ಟ ಅಧಿಕಾರವನ್ನು ಹಿಂತೆಗೆದುಕೊಳ್ಳುವುದೂ ಉಂಟು. ಹೀಗೆ ೧೮೭೯ರಲ್ಲಿ ಅಧಿಕಾರಕ್ಕೆ ಬಂದು ೧೯೬೭-೬೮ರಲ್ಲಿ ಪದಚ್ಯುತವಾದ ಒಂದು ಶಬ್ದವೇ ಮೈಕ್ರಾನ್. ಅದು ಉದ್ದದ ಒಂದು ಏಕಮಾನದ ಹೆಸರು.

ಪದಚ್ಯುತವಾದ ಮೇಲೆ ಅದು ಮಾತಿನಿಂದ ಮರೆಯಾಯಿತೇ ಎಂದರೆ, ಇಲ್ಲ. ಆಂಗ್ಲಭಾಷೆಯನ್ನಾಡುವ ವಿಜ್ಞಾನಿಗಳ ಬಾಯಲ್ಲಿ, ಉಣ್ಣೆಯ ವ್ಯಾಪಾರಿಗಳ ಲೆಕ್ಕದಲ್ಲಿ, ಕಾರ್ಖಾನೆಗಳ ಸೂಚಿಕೆಗಳಲ್ಲಿ ಇಂದಿಗೂ ಅದು ಓಡಾಡಿಕೊಂಡಿದೆ. ನಮ್ಮ ವೃತ್ತಪತ್ರಿಕೆಗಳಲ್ಲಿಯೂ ಪ್ಲಾಸ್ಟಿಕ್ ಚೀಲದ ಸುದ್ದಿ ಬಂದಾಗಲೆಲ್ಲ ಕಾಣಿಸಿಕೊಳ್ಳುತ್ತದೆ. ಶಾಸ್ತ್ರವು ಬೇಡವೆಂದ ಶಬ್ದವನ್ನು ರೂಢಿಯು ಏಕೆ ಬಿಡಲಿಲ್ಲ, ಬಿಡದಿದ್ದುದು ಸರಿಯೇ, ನಮ್ಮ ವಿದ್ಯಾರ್ಥಿಗಳು ಯಾವುದನ್ನು ಬರೆಯಬೇಕು ಎಂಬುದು ಈ ಲೇಖನದ ವಿಷಯ. ವಿಜ್ಞಾನದ ಅಧ್ಯಾಪಕರು ಹೇಳಬೇಕಾದುದನ್ನು ಭಾಷೆಯ ಪಂಡಿತನು ಏಕೆ ಹೇಳಬೇಕೆಂದು ಕೆಲವರಿಗೆ ತೋರಬಹುದು. ಆದರೆ ಇದು ಅಳತೆಯ ಜಗಳಕ್ಕಿಂತ ಹೆಚ್ಚಾಗಿ ನಾಮಪದಕ್ಕೂ ಉಪಸರ್ಗಕ್ಕೂ ನಡೆದ ಜಗಳ. ಆದುದರಿಂದ ವ್ಯಾಕರಣದವನಿಗೆ ಇಲ್ಲಿ ಪ್ರವೇಶವುಂಟು.

ಮೊದಲು ಅಳತೆಯ ಸ್ವರೂಪವನ್ನು ತಿಳಿಯೋಣ. ಒಂದು ಮೀಟರನ್ನು ಹತ್ತು ಲಕ್ಷ ಪಾಲು ಮಾಡಿದರೆ ಒಂದು ಪಾಲು ಒಂದು ಮೈಕ್ರಾನ್. ಮಿಲಿಮೀಟರಿನ ಲೆಕ್ಕದಲ್ಲಿ ಹೇಳುವುದಾದರೆ ಅದರ ಸಾವಿರದಲ್ಲೊಂದು ಭಾಗ. ನಾವು ಬರೆಯುವ ಕಾಗದದ ಹತ್ತು ಹಾಳೆಗಳನ್ನು ಒಂದರ ಮೇಲೊಂದಿಟ್ಟು ಒತ್ತಿದರೆ ಹೆಚ್ಚುಕಡಿಮೆ ಒಂದು ಮಿಲಿಮೀಟರ್ ದಪ್ಪವಾಗುತ್ತದೆ. ಎಂದಮೇಲೆ ಒಂದು ಹಾಳೆಯ ದಪ್ಪ ಸುಮಾರು ನೂರು ಮೈಕ್ರಾನ್. ತಲೆಗೂದಲಿನ ದಪ್ಪ ಸಾಮಾನ್ಯವಾಗಿ ಐವತ್ತರಿಂದ ನೂರು ಮೈಕ್ರಾನಿನೊಳಗೆ. ರಕ್ತದ ಕೆಂಪು ಕಣದ ಅಡ್ಡಳತೆ ಏಳೆಂಟು ಮೈಕ್ರಾನ್. ಕರುಳಿನಲ್ಲಿ ವಾಸಿಸುವ ಸಾಮಾನ್ಯ ಬ್ಯಾಕ್ಟೀರಿಯ ಎರಡು ಮೈಕ್ರಾನ್ ಉದ್ದ. ಕಣ್ಣಿಗೆ ಕಾಣದ ಜೀವಲೋಕವೆಲ್ಲ ಈ ಅಳತೆಯ ಆಸುಪಾಸಿನಲ್ಲಿದೆ. ಸೂಕ್ಷ್ಮದರ್ಶಕದ ಮುಂದೆ ಕುಳಿತವನಿಗೆ ಮಿಲಿಮೀಟರ್ ಎಂಬುದು ಆನೆಯ ಅಳತೆ. ಅವನಿಗೆ ಬೇಕಾದದ್ದು ಮೈಕ್ರಾನ್.

ಇಲ್ಲಿ ಒಂದು ಪ್ರಾಸಂಗಿಕ ಮಾತು. ನಮ್ಮ ಪ್ರಾಚೀನರೂ ಸಣ್ಣ ಅಳತೆಗಳಿಗೆ ಹೆಸರಿಟ್ಟಿದ್ದರು. ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಎಂಟು ಪರಮಾಣು ಸೇರಿದರೆ ರಥಚಕ್ರದಿಂದೇಳುವ ಒಂದು ಧೂಳಿಕಣ, ಅಂತಹ ಎಂಟು ಸೇರಿದರೆ ಲಿಕ್ಷಾ, ಎಂಟು ಲಿಕ್ಷಾ ಒಂದು ಯೂಕಾ, ಎಂಟು ಯೂಕಾ ಒಂದು ಯವಮಧ್ಯ, ಎಂಟು ಯವಮಧ್ಯ ಒಂದು ಅಂಗುಲ ಎಂಬ ಸರಣಿಯಿದೆ. ಲಿಕ್ಷಾ ಎಂದರೆ ಸೀರು, ಯೂಕಾ ಎಂದರೆ ಹೇನು. ಎಂಟನ್ನು ಐದು ಸಲ ಗುಣಿಸಿದರೆ ಒಂದು ಅಂಗುಲಕ್ಕೆ ೩೨,೭೬೮ ಪರಮಾಣುಗಳಾಗುತ್ತವೆ. ಅಂಗುಲವನ್ನು ಎರಡು ಸೆಂಟಿಮೀಟರಿನ ಆಸುಪಾಸು ಎಂದಿಟ್ಟುಕೊಂಡರೆ ಆ ಪರಮಾಣು ಅರ್ಧ ಮೈಕ್ರಾನಿಗಿಂತ ತುಸು ಹೆಚ್ಚು. ಇದನ್ನು ಹಿಡಿದುಕೊಂಡು ನಮ್ಮವರಿಗೆ ಮೈಕ್ರಾನ್ ಆಗಲೇ ತಿಳಿದಿತ್ತೆಂದು ಸಭೆಗಳಲ್ಲಿ ಭಾಷಣ ಮಾಡುವುದು ತರವಲ್ಲ. ಭಾಗಿಸಿ ಹೆಸರಿಡುವುದು ಬೇರೆ, ಉಪಕರಣವನ್ನಿಟ್ಟು ಅಳೆಯುವುದು ಬೇರೆ. ಹೇನು ಸೀರುಗಳನ್ನು ಅಳತೆಗೆ ತಂದ ಅವರ ಲೋಕಾನುಭವವನ್ನು ಮೆಚ್ಚಿದರೆ ಸಾಕು.

ಇನ್ನು ಶಬ್ದದ ಮೂಲ. ಗ್ರೀಕ್ ಭಾಷೆಯಲ್ಲಿ ಚಿಕ್ಕ ಎಂಬ ಗುಣವಾಚಕವು ಮೂರು ಲಿಂಗಗಳಲ್ಲಿ ಮೂರು ರೂಪಗಳನ್ನು ತಾಳುತ್ತದೆ: ಪುಲ್ಲಿಂಗದಲ್ಲಿ ಮಿಕ್ರೊಸ್, ಸ್ತ್ರೀಲಿಂಗದಲ್ಲಿ ಮಿಕ್ರಾ, ನಪುಂಸಕದಲ್ಲಿ ಮಿಕ್ರೊನ್. ನಮ್ಮಲ್ಲಿ ಚಿಕ್ಕವನು, ಚಿಕ್ಕವಳು, ಚಿಕ್ಕದು ಎನ್ನುವಂತೆಯೇ ಎಂದು ತಿಳಿಯಿರಿ. ಹೀಗಾಗಿ ಮೈಕ್ರಾನ್ ಎಂಬ ಭಾರವಾದ ವೈಜ್ಞಾನಿಕ ಶಬ್ದವನ್ನು ಅಚ್ಚಗನ್ನಡಕ್ಕೆ ತಂದರೆ ‘ಚಿಕ್ಕದು’ ಎಂದಷ್ಟೇ ಆಗುತ್ತದೆ. ೨೦೨೧ರ ನವೆಂಬರಿನಲ್ಲಿ ವಿಶ್ವ ಆರೋಗ್ಯ ಸಂಸ್ಥೆಯು ಕೊರೋನಾ ವೈರಾಣುವಿನ ಒಂದು ಹೊಸ ರೂಪಕ್ಕೆ ಒಮಿಕ್ರಾನ್ ಎಂದು ಹೆಸರಿಟ್ಟಿತಷ್ಟೆ. ಅದರಲ್ಲಿರುವುದೂ ಇದೇ ಶಬ್ದ. ಗ್ರೀಕ್ ವರ್ಣಮಾಲೆಯಲ್ಲಿ ಓ-ಮಿಕ್ರೊನ್ ಎಂದರೆ ಚಿಕ್ಕ ಒಕಾರ, ಓ-ಮೆಗ ಎಂದರೆ ದೊಡ್ಡ ಓಕಾರ. ಸಂಸ್ಕೃತದಲ್ಲಿ ಹ್ರಸ್ವ ಒಕಾರವಿಲ್ಲ; ಕನ್ನಡಕ್ಕೂ ಗ್ರೀಕಿಗೂ ಎರಡೂ ಉಂಟು. ಒಂದು, ಓಡು ಎಂಬಲ್ಲಿಯ ಭೇದವನ್ನು ಬಾಲ್ಯದಿಂದಲೇ ಬಲ್ಲ ನಮ್ಮ ಮಕ್ಕಳಿಗೆ ಆ ಗ್ರೀಕ್ ಹೆಸರುಗಳು ಅಷ್ಟೇನೂ ಪರಕೀಯವೆನಿಸಬೇಕಾಗಿಲ್ಲ.

೧೮೭೫ರಲ್ಲಿ ಪ್ಯಾರಿಸಿನಲ್ಲಿ ಹಲವು ರಾಷ್ಟ್ರಗಳು ಮೀಟರ್ ಒಪ್ಪಂದಕ್ಕೆ ಸಹಿ ಹಾಕಿದವು. ಆ ಒಪ್ಪಂದದಿಂದ ಹುಟ್ಟಿದ ಅಂತರರಾಷ್ಟ್ರೀಯ ಸಮಿತಿಯು ೧೮೭೯ರಲ್ಲಿ ಮೈಕ್ರಾನ್ ಎಂಬ ಹೆಸರನ್ನೂ ಅದಕ್ಕೆ ಸಂಕೇತವಾಗಿ ಮ್ಯೂ ಎಂಬ ಗ್ರೀಕ್ ಅಕ್ಷರವನ್ನೂ ಅಂಗೀಕರಿಸಿತು. ೧೯೪೮ರಲ್ಲಿ ನಡೆದ ತೂಕ ಮತ್ತು ಅಳತೆಗಳ ಒಂಬತ್ತನೆಯ ಸಾರ್ವತ್ರಿಕ ಸಮ್ಮೇಳನದ ಪಟ್ಟಿಯಲ್ಲಿಯೂ ಆ ಹೆಸರು, ಆ ಸಂಕೇತ ಸೇರಿದ್ದವು. ಅಲ್ಲಿಯವರೆಗೆ ಅದರ ಸ್ಥಾನ ಭದ್ರವಾಗಿತ್ತು.

ತೊಡಕು ಬಂದುದು ೧೯೬೦ರಲ್ಲಿ. ಆ ವರ್ಷದ ಹನ್ನೊಂದನೆಯ ಸಮ್ಮೇಳನವು ಅಂತರರಾಷ್ಟ್ರೀಯ ಏಕಮಾನ ಪದ್ಧತಿಯನ್ನು ಸ್ಥಾಪಿಸಿ, ಯಾವ ಏಕಮಾನದ ಹಿಂದೆಯಾದರೂ ಹಚ್ಚಬಹುದಾದ ಉಪಸರ್ಗಗಳ ಒಂದು ಮಾಲೆಯನ್ನು ನಿಶ್ಚಯಿಸಿತು. ಸಾವಿರಕ್ಕೆ ಕಿಲೊ, ಸಾವಿರದಲ್ಲೊಂದಕ್ಕೆ ಮಿಲಿ, ಹತ್ತು ಲಕ್ಷದಲ್ಲೊಂದಕ್ಕೆ ಮೈಕ್ರೊ, ನೂರು ಕೋಟಿಯಲ್ಲೊಂದಕ್ಕೆ ನ್ಯಾನೊ ಇತ್ಯಾದಿ. ಮೈಕ್ರೊ ಎಂಬ ಉಪಸರ್ಗಕ್ಕೆ ಕೊಟ್ಟ ಸಂಕೇತವೂ ಮ್ಯೂ! ಹೀಗೆ ಒಂದೇ ಅಕ್ಷರವು ಒಂದೆಡೆ ಸ್ವತಂತ್ರ ನಾಮಪದ, ಇನ್ನೊಂದೆಡೆ ಪರತಂತ್ರ ಉಪಸರ್ಗ. ಸಂಸ್ಕೃತವನ್ನು ಓದಿದವರಿಗೆ ಇಂತಹದೇ ಒಂದು ಉದಾಹರಣೆ ನೆನಪಾದೀತು. ‘ವಿ’ ಎಂಬುದು ವಿಶೇಷ, ವಿಯೋಗ ಮುಂತಾದವುಗಳಲ್ಲಿ ಉಪಸರ್ಗ. ಅದೇ ‘ವಿ’ ಎಂಬುದಕ್ಕೆ ಹಕ್ಕಿ ಎಂಬ ಅರ್ಥವೂ ಉಂಟು. ಕವಿಗೆ ಇದು ಹಬ್ಬ. ಒಂದೇ ಅಕ್ಷರದಲ್ಲಿ ಎರಡರ್ಥವನ್ನು ಹೊಮ್ಮಿಸಿ ಶ್ಲೇಷೆಯ ಚಮತ್ಕಾರವನ್ನು ತೋರಬಲ್ಲನು. ಕಾವ್ಯದಲ್ಲಿ ಶ್ಲೇಷೆ ಅಲಂಕಾರ. ಅಳತೆಯಲ್ಲಿ ಶ್ಲೇಷೆ ಶುದ್ಧ ದೋಷ. ಆದುದರಿಂದ ಹದಿಮೂರನೆಯ ಸಮ್ಮೇಳನವು ೧೯೬೭-೬೮ರಲ್ಲಿ ತನ್ನ ಏಳನೆಯ ನಿರ್ಣಯದ ಮೂಲಕ ಮೈಕ್ರಾನ್ ಎಂಬ ಹೆಸರನ್ನೂ, ಏಕಮಾನವಾಗಿ ಮ್ಯೂ ಎಂಬ ಸಂಕೇತವನ್ನೂ ರದ್ದುಪಡಿಸಿತು. ಅಳತೆ ಮಾತ್ರ ಹಾಗೆಯೇ ಉಳಿಯಿತು. ಅದರ ಹೆಸರು ಮೈಕ್ರೋಮೀಟರ್ ಎಂದಾಯಿತು. ರಾಜ್ಯ ಹೋಗಲಿಲ್ಲ, ರಾಜನ ಬಿರುದು ಹೋಯಿತು.

ಹೆಸರು ಯಾವುದಾದರೇನು, ಅಳತೆ ಒಂದೇ ಅಲ್ಲವೇ ಎಂದು ಕೇಳುವವರು ಹಳೆಯ ಭೌತಶಾಸ್ತ್ರದ ಗ್ರಂಥಗಳನ್ನು ಒಮ್ಮೆ ತೆರೆದು ನೋಡಬೇಕು. ಮೈಕ್ರಾನಿಗಿಂತಲೂ ಸಣ್ಣ ಅಳತೆ ಬೇಕಾದಾಗ ಅದರ ಸಾವಿರದಲ್ಲೊಂದು ಭಾಗವನ್ನು ಮಿಲಿಮೈಕ್ರಾನ್ ಎಂದು ಕರೆದು, ಎಂ ಎಂಬ ಅಕ್ಷರದ ಮುಂದೆ ಮ್ಯೂ ಬರೆದು ಸೂಚಿಸುತ್ತಿದ್ದರು. ಇಂದು ಅದೇ ನ್ಯಾನೊಮೀಟರ್. ಮೈಕ್ರಾನಿನ ಹತ್ತು ಲಕ್ಷದಲ್ಲೊಂದು ಭಾಗಕ್ಕೆ ಮೈಕ್ರೊಮೈಕ್ರಾನ್ ಎಂದು ಹೆಸರಿಟ್ಟು ಎರಡು ಮ್ಯೂಗಳನ್ನು ಜೋಡಿಸಿ ಬರೆಯುತ್ತಿದ್ದರು. ಇಷ್ಟಾಗಿದ್ದರೆ ಸಹಿಸಬಹುದಾಗಿತ್ತು. ಆದರೆ ಕೆಲವು ಹಳೆಯ ಗ್ರಂಥಗಳಲ್ಲಿ ಅದೇ ಜೋಡಿ ಮ್ಯೂವನ್ನು ಮಿಲಿಮೈಕ್ರಾನಿನ ಅರ್ಥದಲ್ಲಿಯೂ ಪ್ರಯೋಗಿಸಿದ್ದಾರೆ. ಒಂದೇ ಬರಹ, ಎರಡು ಅರ್ಥ. ಎರಡರ ನಡುವೆ ಸಾವಿರ ಪಟ್ಟು ಅಂತರ! ಓದುವವನು ಹಿಂದುಮುಂದಿನ ಸಂದರ್ಭದಿಂದ ಊಹಿಸಿಕೊಳ್ಳಬೇಕು. ಅಳತೆಯನ್ನು ಊಹೆಗೆ ಬಿಡುವುದಾದರೆ ಅಳೆದುದರ ಫಲವೇನು?

ಸೋಡಿಯಂ ದೀಪದ ಹಳದಿ ಬೆಳಕನ್ನು ಉದಾಹರಣೆಗೆ ತೆಗೆದುಕೊಳ್ಳಿ. ಅದರ ತರಂಗದೂರವನ್ನು ಒಂದು ಹಳೆಯ ಪುಸ್ತಕದಲ್ಲಿ ೦.೫೮೯ ಮೈಕ್ರಾನ್ ಎಂದೂ, ಇನ್ನೊಂದರಲ್ಲಿ ೫೮೯ ಮಿಲಿಮೈಕ್ರಾನ್ ಎಂದೂ, ಮತ್ತೊಂದರಲ್ಲಿ ೫೮೯೦ ಆಂಗ್‌ಸ್ಟ್ರಾಮ್ ಎಂದೂ ಓದುತ್ತೀರಿ. ಇಂದಿನ ಪಠ್ಯದಲ್ಲಿ ೫೮೯ ನ್ಯಾನೊಮೀಟರ್ ಎಂದಿರುತ್ತದೆ. ನಾಲ್ಕೂ ಒಂದೇ. ಗ್ರಂಥಾಲಯದ ಹಳೆಯ ಪುಸ್ತಕಗಳನ್ನು ಮುಟ್ಟುವ ವಿದ್ಯಾರ್ಥಿಯು ಈ ಹೆಸರುಗಳ ಪರಸ್ಪರ ಸಂಬಂಧವನ್ನು ಕಂಠಸ್ಥ ಮಾಡಿಕೊಂಡಿರಬೇಕು. ಇಲ್ಲವಾದರೆ ನಾಲ್ಕು ಪುಸ್ತಕ ಓದಿ ನಾಲ್ಕು ಬೇರೆ ಬೆಳಕುಗಳೆಂದು ಭ್ರಮಿಸಿಯಾನು.

ನಾಮಪದದ ಪಾಠದಲ್ಲಿ ನಾವು ರೂಢನಾಮ, ಅಂಕಿತನಾಮ, ಅನ್ವರ್ಥನಾಮ ಎಂದು ಮೂರು ವಿಭಾಗಗಳನ್ನು ಹೇಳಿಕೊಡುತ್ತೇವೆ. ಈ ಅಳತೆಗಳನ್ನೂ ಹಾಗೆಯೇ ವಿಂಗಡಿಸಬಹುದು. ಮೈಕ್ರಾನ್ ರೂಢನಾಮ, ಚಿಕ್ಕದು ಎಂಬ ಮೂಲಾರ್ಥದಿಂದ ಎಷ್ಟು ಚಿಕ್ಕದು ಎಂಬುದು ತಿಳಿಯದು, ರೂಢಿಯಿಂದಲೇ ತಿಳಿಯಬೇಕು. ಸ್ವೀಡನ್ನಿನ ಆಂಡರ್ಸ್ ಆಂಗ್‌ಸ್ಟ್ರಾಮನ ಹೆಸರಿನಿಂದ ಬಂದ ಆಂಗ್‌ಸ್ಟ್ರಾಮ್, ಇಟಲಿಯ ಎನ್ರಿಕೊ ಫರ್ಮಿಯ ಹೆಸರಿನ ಫರ್ಮಿ, ಇವು ಅಂಕಿತನಾಮದಿಂದ ಹುಟ್ಟಿದವು. ಮೈಕ್ರೋಮೀಟರ್ ಅನ್ವರ್ಥನಾಮ, ಬಿಡಿಸಿದ ಕೂಡಲೇ ಮೀಟರಿನ ಹತ್ತು ಲಕ್ಷದಲ್ಲೊಂದು ಎಂಬ ಅರ್ಥ ಕೈಗೆ ಬರುತ್ತದೆ. ೧೯೬೦ರ ಪದ್ಧತಿಯ ಒಲವು ಅನ್ವರ್ಥದ ಕಡೆಗೆ. ಆ ಒಲವು ನ್ಯಾಯವಾದುದೇ. ಹತ್ತು ಉಪಸರ್ಗಗಳನ್ನು ಕಲಿತವನು ನೂರು ಹೆಸರುಗಳನ್ನು ತಾನೇ ಕಟ್ಟಿಕೊಳ್ಳಬಲ್ಲನು. ರೂಢನಾಮವಾದರೆ ಒಂದೊಂದನ್ನೂ ಬಾಯಿಪಾಠ ಮಾಡಬೇಕು.

ಹಾಗಿದ್ದೂ ಆಂಗ್ಲರು ಮೈಕ್ರಾನನ್ನು ಬಿಡಲಿಲ್ಲ. ಕಾರಣ ಹಟವಲ್ಲ, ಒಂದು ನಿಜವಾದ ತೊಡಕು. ಮೈಕ್ರೋಮೀಟರ್ ಎಂಬ ಹೆಸರಿನ ಇನ್ನೊಬ್ಬನು ಮೊದಲೇ ಆ ಮನೆಯಲ್ಲಿ ವಾಸವಾಗಿದ್ದನು. ಅದು ಅಳತೆಯಲ್ಲ, ಅಳೆಯುವ ಉಪಕರಣ. ಹದಿನೇಳನೆಯ ಶತಮಾನದ ಪೂರ್ವಾರ್ಧದಲ್ಲಿ ಇಂಗ್ಲೆಂಡಿನ ವಿಲಿಯಂ ಗ್ಯಾಸ್ಕಾಯಿನ್ ಎಂಬ ಖಗೋಳಜ್ಞನು ದೂರದರ್ಶಕದೊಳಗೆ ತಿರುಪನ್ನು ಅಳವಡಿಸಿ ಆಕಾಶಕಾಯಗಳ ಸೂಕ್ಷ್ಮ ಅಂತರಗಳನ್ನು ಅಳೆದನು. ಅಂತಹ ಸಾಧನಗಳಿಗೆ ಆ ಶತಮಾನದಲ್ಲಿಯೇ ಮೈಕ್ರೋಮೀಟರ್ ಎಂಬ ಹೆಸರು ಬಂತು. ಫ್ರಾನ್ಸಿನಲ್ಲಿ ಮೀಟರ್ ಎಂಬ ಅಳತೆ ಹುಟ್ಟಿದ್ದು ೧೭೯೦ರ ದಶಕದಲ್ಲಿ. ಅಂದರೆ ಮೀಟರಿಗಿಂತ ಮೈಕ್ರೋಮೀಟರೇ ಹಿರಿಯದು! ಈ ಹಿರಿಯನಿರುವ ಮನೆಗೆ ಅದೇ ಹೆಸರಿನ ಕಿರಿಯನನ್ನು ಕರೆತಂದರೆ ಯಾರನ್ನು ಕೂಗಿದರೆ ಯಾರು ಓಗೊಡಬೇಕು?

ಆಂಗ್ಲರು ಇದಕ್ಕೆ ಎರಡು ಉಪಾಯಗಳನ್ನು ಹುಡುಕಿಕೊಂಡಿದ್ದಾರೆ. ಒಂದು ಉಚ್ಚಾರಣೆಯದು. ಅಳತೆಯನ್ನು ಹೇಳುವಾಗ ಮೊದಲ ಅಕ್ಷರವಾದ ‘ಮೈ’ ಎಂಬುದನ್ನು ಒತ್ತಿ ಹೇಳುತ್ತಾರೆ. ಉಪಕರಣವನ್ನು ಹೇಳುವಾಗ ಎರಡನೆಯ ಅಕ್ಷರವನ್ನು ಒತ್ತಿ ‘ಮೈಕ್ರಾಮಿಟರ್’ ಎನ್ನುತ್ತಾರೆ. ಇನ್ನೊಂದು ಬರವಣಿಗೆಯದು. ಬ್ರಿಟನ್ನಿನಲ್ಲಿ ಅಳತೆಯ ಕೊನೆಯ ಎರಡು ಅಕ್ಷರಗಳು ಆರ್, ಇ. ಉಪಕರಣದವು ಇ, ಆರ್. ಅಮೆರಿಕದವರಿಗೆ ಈ ಎರಡನೆಯ ಉಪಾಯವೂ ಇಲ್ಲ. ಎರಡನ್ನೂ ಒಂದೇ ರೀತಿ ಬರೆಯುತ್ತಾರೆ. ಹೀಗಿರಲಾಗಿ, ಎರಡೇ ಉಚ್ಚಾರಗಳಲ್ಲಿ ಮುಗಿಯುವ, ಯಾವ ಸಂದೇಹಕ್ಕೂ ಎಡೆಗೊಡದ ಮೈಕ್ರಾನ್ ಅವರಿಗೆ ಹಿತವೆನಿಸಿದರೆ ಆಶ್ಚರ್ಯವಿಲ್ಲ. ಆಸ್ಟ್ರೇಲಿಯದ ಉಣ್ಣೆಯ ಮಾರುಕಟ್ಟೆಯಲ್ಲಿ ಎಳೆಯ ನವುರನ್ನು ಹೇಳುವುದೇ ಮೈಕ್ರಾನಿನ ಸಂಖ್ಯೆಯಿಂದ. ‘ಹತ್ತೊಂಬತ್ತು ಮೈಕ್ರಾನಿನ ಉಣ್ಣೆ’ ಎಂದರೆ ಕೊಳ್ಳುವವನಿಗೆ ಬೆಲೆಯ ಅಂದಾಜು ಸಿಕ್ಕಿತು. ಅಂತಹ ಗಡಿಬಿಡಿಯ ಜಾಗದಲ್ಲಿ ನಾಲ್ಕು ಉಚ್ಚಾರಗಳ ಹೆಸರನ್ನು ಬಾಯಿತುಂಬ ಹೇಳುವ ವ್ಯವಧಾನ ಯಾರಿಗಿದೆ?

ಕನ್ನಡದವರಾದ ನಮ್ಮ ಕಷ್ಟ ಇನ್ನೂ ಒಂದು ಪಟ್ಟು ಹೆಚ್ಚು. ನಮ್ಮ ಭಾಷೆಯಲ್ಲಿ ಒತ್ತಿ ಹೇಳುವುದರಿಂದ ಶಬ್ದದ ಅರ್ಥ ಬದಲಾಗುವುದಿಲ್ಲ. ಆದುದರಿಂದ ಆಂಗ್ಲರ ಉಚ್ಚಾರಣೆಯ ಉಪಾಯ ನಮ್ಮ ಕಿವಿಗೆ ನಾಟದು. ನಮ್ಮ ಲಿಪಿಯಲ್ಲಿ ಬರೆದರೆ ಬ್ರಿಟಿಷರ ಕಾಗುಣಿತದ ಭೇದವೂ ಅಳಿಸಿಹೋಗುತ್ತದೆ. ಅಳತೆಗೂ ಉಪಕರಣಕ್ಕೂ ಮೈಕ್ರೋಮೀಟರ್ ಎಂದೇ ಬರೆಯಬೇಕು. ಅನುವಾದಿಸೋಣವೆಂದು ಹೊರಟು ಸೂಕ್ಷ್ಮಮಾಪಕವೆಂದರೆ ಅದು ಉಪಕರಣವಾಯಿತೇ ಹೊರತು ಅಳತೆಯಾಗಲಿಲ್ಲ. ಹೊಸ ಸಂಸ್ಕೃತ ಸಮಾಸಗಳನ್ನು ಟಂಕಿಸುವುದರಲ್ಲಿ ನಮ್ಮಂತಹ ಪಂಡಿತರಿಗೆ ಇರುವ ಉತ್ಸಾಹ ಅಳತೆಗಳ ಮಟ್ಟಿಗಾದರೂ ತಣ್ಣಗಿರುವುದು ಲೇಸು. ಮೀಟರ್, ಲೀಟರ್, ಕಿಲೊಗಳನ್ನು ಸಂತೆಯ ಅಜ್ಜಿಯೂ ಆಡುತ್ತಾಳೆ. ಅವು ಈಗ ಕನ್ನಡವೇ.

ಆದರೆ ಈ ಕಷ್ಟಕ್ಕೆ ಪರಿಹಾರವೂ ನಮ್ಮ ಶಾಲೆಗಳಲ್ಲಿಯೇ ಇದೆ. ಪ್ರಯೋಗಾಲಯದಲ್ಲಿ ತಂತಿಯ ದಪ್ಪವನ್ನು ಅಳೆಯುವ ಆ ಉಪಕರಣವನ್ನು ನಮ್ಮ ಹುಡುಗರು ಸ್ಕ್ರೂಗೇಜು ಎಂದೇ ಕರೆಯುತ್ತಾರೆ. ಆ ಹೆಸರನ್ನೇ ಗಟ್ಟಿಮಾಡಿಕೊಂಡರೆ ಮೈಕ್ರೋಮೀಟರ್ ಎಂಬುದು ಅಳತೆಗೆ ಸಂಪೂರ್ಣವಾಗಿ ಬಿಡುವಾಗುತ್ತದೆ. ಇನ್ನೊಂದು ಸ್ವಾರಸ್ಯವನ್ನು ಗಮನಿಸಿ. ಶಾಲೆಯ ಸ್ಕ್ರೂಗೇಜಿನಲ್ಲಿ ತಿರುಪು ಒಂದು ಸುತ್ತಿಗೆ ಒಂದು ಮಿಲಿಮೀಟರ್ ಸರಿದು, ಅದರ ತಲೆಯ ಮೇಲೆ ನೂರು ಗೆರೆಗಳಿದ್ದರೆ, ಅದು ತೋರಿಸಬಲ್ಲ ಅತ್ಯಂತ ಸಣ್ಣ ಅಳತೆ ಮಿಲಿಮೀಟರಿನ ನೂರರಲ್ಲೊಂದು. ಎಂದರೆ ಹತ್ತು ಮೈಕ್ರೋಮೀಟರ್. ಮೈಕ್ರೋಮೀಟರ್ ಎಂಬ ಹೆಸರಿನ ಆ ಉಪಕರಣಕ್ಕೆ ಒಂದು ಮೈಕ್ರೋಮೀಟರನ್ನು ಅಳೆಯುವ ಶಕ್ತಿಯಿಲ್ಲ.

ವಚನದ ವಿಷಯದಲ್ಲಿಯೂ ಒಂದು ಮಾತು ಹೇಳಬೇಕು. ಆಂಗ್ಲ ನಿಘಂಟುಗಳು ಮೈಕ್ರಾನಿಗೆ ಎರಡು ಬಹುವಚನಗಳನ್ನು ಕೊಡುತ್ತವೆ: ಆಂಗ್ಲ ರೀತಿಯ ಮೈಕ್ರಾನ್ಸ್, ಗ್ರೀಕ್ ರೀತಿಯ ಮೈಕ್ರಾ. ಎರಡನೆಯದು ಪಂಡಿತರ ಬಹುವಚನ, ಬಳಕೆ ವಿರಳ. ಚಿಕ್ಕದು, ಚಿಕ್ಕವು ಎಂಬ ನಮ್ಮ ರೂಪಗಳಿಗೆ ಅದು ಸರಿಸಮ. ಕನ್ನಡದಲ್ಲಿ ಮಾತ್ರ ಸಂಖ್ಯೆಯ ಮುಂದೆ ಅಳತೆಯ ಹೆಸರು ಏಕವಚನದಲ್ಲಿಯೇ ನಿಲ್ಲುವುದು ಜಾಯಮಾನ. ಹತ್ತು ಗಜ ಬಟ್ಟೆ, ಮೂರು ಸೇರು ಅಕ್ಕಿ, ಆರು ಮೈಲಿ ದಾರಿ ಎನ್ನುತ್ತೇವೆಯೇ ಹೊರತು ಗಜಗಳು, ಸೇರುಗಳು ಎನ್ನುವುದಿಲ್ಲ. ಆದುದರಿಂದ ಐವತ್ತು ಮೈಕ್ರಾನ್ ಎನ್ನುವುದೇ ಸಾಧು. ಪ್ರಕಟಣೆಗಳಲ್ಲಿ ಕಾಣುವ ‘ಐವತ್ತು ಮೈಕ್ರಾನುಗಳು’ ಆಂಗ್ಲದಿಂದ ಇಳಿದುಬಂದ ಹೊರೆ.

ಈ ಪ್ರಕಟಣೆಗಳ ಮಾತು ಬಂದುದರಿಂದ ನಮ್ಮ ದೇಶದ ಕಾನೂನನ್ನೂ ನೋಡಬೇಕು. ಪ್ಲಾಸ್ಟಿಕ್ ತ್ಯಾಜ್ಯದ ಬಗೆಗೆ ಕೇಂದ್ರ ಸರಕಾರವು ೨೦೧೧ರಲ್ಲಿ ಹೊರಡಿಸಿದ ನಿಯಮಗಳಲ್ಲಿ ಕೈಚೀಲದ ದಪ್ಪ ನಾಲ್ವತ್ತು ಮೈಕ್ರಾನಿಗೆ ಕಡಮೆಯಿರಬಾರದೆಂದು ವಿಧಿಸಿತು. ೨೦೧೬ರ ನಿಯಮಗಳಲ್ಲಿ ಅದು ಐವತ್ತಾಯಿತು. ೨೦೨೧ರ ತಿದ್ದುಪಡಿಯಂತೆ ಆ ವರ್ಷದ ಸೆಪ್ಟೆಂಬರ್ ೩೦ರಿಂದ ಎಪ್ಪತ್ತೈದು, ೨೦೨೨ರ ಡಿಸೆಂಬರ್ ೩೧ರಿಂದ ನೂರ ಇಪ್ಪತ್ತು. ಈ ಎಲ್ಲ ನಿಯಮಗಳ ಆಂಗ್ಲ ಪಾಠದಲ್ಲಿಯೂ ಇರುವ ಶಬ್ದ ಮೈಕ್ರಾನ್. ಸಮ್ಮೇಳನವು ರದ್ದುಮಾಡಿ ನಾಲ್ಕು ದಶಕ ಕಳೆದ ಮೇಲೆ ಒಂದು ಶಬ್ದವು ರಾಜಪತ್ರದಲ್ಲಿ ಕುಳಿತಿತು! ತೆಳುವಾದ ಚೀಲ ಒಮ್ಮೆ ಬಳಸಿ ಎಸೆಯುವುದಕ್ಕೆ ಮಾತ್ರ ಯೋಗ್ಯ. ಗಾಳಿಗೆ ಹಾರಿ ಚರಂಡಿಯನ್ನು ಕಟ್ಟಿಬಿಡುತ್ತದೆ. ಆಯ್ದು ಮರುಬಳಕೆಗೆ ಕಳಿಸುವವನಿಗೂ ಅದರಿಂದ ಗಿಟ್ಟುವುದಿಲ್ಲ. ದಪ್ಪವನ್ನು ಹೆಚ್ಚಿಸುತ್ತ ಹೋದುದರ ಉದ್ದೇಶ ಇದು. ನಲವತ್ತಕ್ಕೂ ನೂರ ಇಪ್ಪತ್ತಕ್ಕೂ ಇರುವ ಅಂತರ ಕಾಗದದ ಒಂದು ಹಾಳೆಯ ದಪ್ಪಕ್ಕಿಂತ ಕಡಮೆ. ಅಂಗಡಿಯವನ ಬೆರಳು ಅದನ್ನು ಖಚಿತವಾಗಿ ಹೇಳಲಾರದು, ಮಾಪನವೇ ಹೇಳಬೇಕು.

ಒಂದು ಕ್ಷೇತ್ರದಲ್ಲಿ ಮಾತ್ರ ಮೈಕ್ರಾನ್ ತಾನಾಗಿ ಹಿಂದೆ ಸರಿದಿದೆ. ಗಣಕಯಂತ್ರದ ಬಿಲ್ಲೆಗಳನ್ನು ತಯಾರಿಸುವವರು ಅದರ ಮೇಲಿನ ಗೆರೆಗಳ ಸೂಕ್ಷ್ಮತೆಯನ್ನು ಮೈಕ್ರಾನಿನಲ್ಲಿಯೇ ಹೇಳುತ್ತಿದ್ದರು. ಇಂಟೆಲ್ ಸಂಸ್ಥೆಯ ೪೦೦೪ ಎಂಬ ಬಿಲ್ಲೆ ೧೯೭೧ರಲ್ಲಿ ಬಂದಾಗ ಅದು ಹತ್ತು ಮೈಕ್ರಾನಿನ ಕೆಲಸ. ಗೆರೆಗಳು ಸಣ್ಣದಾಗುತ್ತ ಹೋಗಿ, ೧೯೯೦ರ ದಶಕದ ಕೊನೆಗೆ ೦.೧೮ ಮೈಕ್ರಾನ್ ಎಂದು ದಶಾಂಶ ಹಚ್ಚಿ ಹೇಳಬೇಕಾಯಿತು. ಮುಂದಿನ ಮೆಟ್ಟಿಲನ್ನು ೧೩೦ ನ್ಯಾನೊಮೀಟರ್ ಎಂದರು. ಆಮೇಲೆ ೯೦, ೬೫. ಸಮ್ಮೇಳನದ ನಿರ್ಣಯಕ್ಕೆ ಬಗ್ಗದ ಶಬ್ದ ಕೆಲಸದ ಅನುಕೂಲಕ್ಕೆ ಬಗ್ಗಿತು. ಅದೇ ಉದ್ಯಮದಲ್ಲಿ ೧೯೭೮ರಲ್ಲಿ ಅಮೆರಿಕದ ಐಡಹೊ ಪ್ರಾಂತದಲ್ಲಿ ಆರಂಭವಾದ ಒಂದು ಕಂಪನಿ ಮೈಕ್ರಾನ್ ಎಂಬ ಹೆಸರನ್ನೇ ಇಟ್ಟುಕೊಂಡಿತು. ೨೦೨೩ರಲ್ಲಿ ಗುಜರಾತಿನ ಸಾನಂದದಲ್ಲಿ ಕಾರ್ಖಾನೆ ಸ್ಥಾಪಿಸುವುದಾಗಿ ಅದು ಘೋಷಿಸಿದಾಗ ನಮ್ಮ ಪತ್ರಿಕೆಗಳಲ್ಲೆಲ್ಲ ಆ ಹೆಸರು ಬಂತು. ರೂಢನಾಮವು ಹೀಗೆ ಅಂಕಿತನಾಮವೂ ಆಯಿತು.

ಇನ್ನು ನಮ್ಮ ವಿದ್ಯಾರ್ಥಿಗಳು ಏನು ಮಾಡಬೇಕು? ಮಾತಿನಲ್ಲಿ ಮೈಕ್ರಾನ್ ಎಂದರೆ ಅಪರಾಧವಿಲ್ಲ. ಕೇಳುವವನಿಗೆ ಅರ್ಥವಾಗುತ್ತದೆ, ಸಂದೇಹವೂ ಹುಟ್ಟುವುದಿಲ್ಲ. ಹಳೆಯ ಪುಸ್ತಕದಲ್ಲಿ ಒಂಟಿ ಮ್ಯೂ ಕಂಡರೆ ಮೈಕ್ರೋಮೀಟರ್ ಎಂದು ಓದಿಕೊಳ್ಳಬೇಕು. ಲೆಕ್ಕ ಮಾಡುವಾಗ, ಉತ್ತರ ಬರೆಯುವಾಗ ಮೈಕ್ರೋಮೀಟರ್ ಎಂದೇ ಬರೆಯಬೇಕು. ಸಂಕೇತವನ್ನು ಬರೆಯುವುದಾದರೆ ಮ್ಯೂ ಒಂದನ್ನೇ ಬಿಟ್ಟು ಹೋಗದೆ ಅದರ ಮುಂದೆ ಮೀಟರಿನ ಎಂ ಸೇರಿಸಬೇಕು. ಉಪಸರ್ಗವನ್ನು ನಾಮಪದವಿಲ್ಲದೆ ನಿಲ್ಲಿಸಿದವನಿಗೆ ವ್ಯಾಕರಣದ ಪರೀಕ್ಷೆಯಲ್ಲಿ ಅಂಕ ಕೊಡುವುದಿಲ್ಲ. ವಿಜ್ಞಾನದ ಪರೀಕ್ಷೆಯಲ್ಲಿಯೂ ಕೊಡಬೇಕಾಗಿಲ್ಲ.

ಮ್ಯೂ ಅಕ್ಷರವನ್ನು ಕೈಯಲ್ಲಿ ಬರೆಯುವಾಗ ಅದರ ಎಡಗಡೆಯ ಕಾಲನ್ನು ಗೆರೆಯ ಕೆಳಗೆ ಸ್ಪಷ್ಟವಾಗಿ ಇಳಿಸಬೇಕು. ಅವಸರದಲ್ಲಿ ಬರೆದ ಮ್ಯೂ ಎಂಬುದು ಎಂ ಎಂದು ಕಂಡರೆ ಮೈಕ್ರೊ ಹೋಗಿ ಮಿಲಿಯಾಗುತ್ತದೆ, ಸಾವಿರ ಪಟ್ಟು ಹೆಚ್ಚಾಗುತ್ತದೆ. ಔಷಧದ ಚೀಟಿಗಳಲ್ಲಿ ಮೈಕ್ರೊಗ್ರಾಮನ್ನು ಬರೆಯುವಾಗ ಈ ಗ್ರೀಕ್ ಅಕ್ಷರವನ್ನು ಬಳಸದೆ ಎಂ-ಸಿ-ಜಿ ಎಂದು ಬರೆಯಬೇಕೆಂಬ ಸಲಹೆ ಹುಟ್ಟಿರುವುದು ಇದೇ ಭಯದಿಂದ. ಜೀವಶಾಸ್ತ್ರದ ಉತ್ತರಪತ್ರಿಕೆಯಲ್ಲಿ ಆ ಕಾಲು ಇಳಿಯದಿದ್ದರೆ ಏಳು ಮೈಕ್ರೋಮೀಟರಿನ ರಕ್ತಕಣ ಏಳು ಮಿಲಿಮೀಟರ್ ಆಗಿ, ಬಟಾಣಿ ಕಾಳಿನಷ್ಟು ದಪ್ಪಗೆ ಬೆಳೆದು ನಿಂತಿರುತ್ತದೆ.